ಕಡತದಲ್ಲಿ ಮಲಗಿದ ದಾವೆಗಳು

(ಕೊಯಿಲದಲ್ಲಿ ಗ್ರಾಮಸ್ಥರು ಮತ್ತು ವಿದ್ಯಾರ್ಥಿಗಳ ಸಭೆಯಲ್ಲಿ ಆಡಿದ ಮಾತಿನ ಬರಹರೂಪ)



ನಾನು ಕೃಷಿ ವಿಜ್ಞಾನಿ, ಕಾನೂನು ಪಂಡಿತನಲ್ಲ. ಆದರೆ ತೋಡಿನ ನೀರಿಗಾಗಿ ನನ್ನ ತಂದೆಯವರು ಹೂಡಿದ್ದ ದಾವೆಯೊಂದು ನನಗೆ ಒಂದೆರಡು ಪಾಠ ಕಲಿಸಿತು. ವಾಯಿದೆಯ ಮೇಲೆ ವಾಯಿದೆ ಬೀಳುತ್ತ ವರ್ಷಗಟ್ಟಲೆ ಮಲಗಿದ್ದ ದಾವೆ ಅದು. ಒಂದು ಆಟಿ ತಿಂಗಳಲ್ಲಿ ತಂದೆಯವರು ತೀರಿಕೊಂಡರು. ಉತ್ತರಕ್ರಿಯೆ, ಕೊಳೆರೋಗಕ್ಕೆ ಬೋರ್ಡೋ ಸಿಂಪಡಣೆ, ಬಳಿಕ ಅಡಿಕೆ ಕೊಯ್ಲು. ವಕೀಲರಿಗೆ ತಿಳಿಸಬೇಕೆಂಬುದು ಮನೆಯಲ್ಲಿ ಯಾರಿಗೂ ಹೊಳೆಯಲಿಲ್ಲ.

ಕಾನೂನು ಮಾತ್ರ ದಿನ ಎಣಿಸುತ್ತಿತ್ತು. ವಾದಿ ಮೃತಪಟ್ಟರೆ 90 ದಿನಗಳೊಳಗೆ ವಾರಸುದಾರರು ತಮ್ಮನ್ನು ಸೇರಿಸಿಕೊಳ್ಳುವಂತೆ ಅರ್ಜಿ ಸಲ್ಲಿಸಬೇಕು. ಇಲ್ಲವಾದರೆ ಮೃತರ ಮಟ್ಟಿಗೆ ದಾವೆ ತಾನಾಗಿಯೇ ಅಳಿಯುತ್ತದೆ. ಅದನ್ನು ಮತ್ತೆ ಬದುಕಿಸಲು ಇನ್ನು 60 ದಿನ. ಅದೂ ಕಳೆದರೆ ವಿಳಂಬಕ್ಕೆ ಕಾರಣ ನೀಡಿ ಮನ್ನಾ ಬೇಡಬೇಕು. ನಾವು ಬೇಡಿದೆವು; ಹೇಗೋ ದಾವೆ ಉಳಿಯಿತು. ವಿಚಾರಣೆಯ ದಿನ ಪ್ರತಿವಾದಿ ಹಾಜರಿದ್ದು ವಾದಿ ಗೈರುಹಾಜರಾಗಿ ದಾವೆ ವಜಾ ಆದರಂತೂ ಸ್ಥಿತಿ ಇನ್ನೂ ಕಠಿಣ. ಮರುಸ್ಥಾಪನೆ ಕೋರಲು 30 ದಿನ ಮಾತ್ರ. ಅದೇ ಕಾರಣಕ್ಕೆ ಹೊಸ ದಾವೆ ಹೂಡುವಂತಿಲ್ಲ.

ಊರಿನ ಪರವಾದ ಸಾರ್ವಜನಿಕ ಹಿತಾಸಕ್ತಿ ಅರ್ಜಿಯ ಮಾತು ಬೇರೆ. ಅರ್ಜಿದಾರ ಬೇಸತ್ತ ಮಾತ್ರಕ್ಕೆ ಅದನ್ನು ಹಿಂಪಡೆಯುವ ಹಕ್ಕು ಅವನಿಗಿಲ್ಲವೆಂದು ಸರ್ವೋಚ್ಚ ನ್ಯಾಯಾಲಯ 1988ರಲ್ಲಿ ಶೀಲಾ ಬರ್ಸೆ ಪ್ರಕರಣದಲ್ಲಿ ಹೇಳಿತು. ಆದರೆ ಹಿಂಪಡೆಯದ ಅರ್ಜಿಯೂ ಕಪಾಟಿನಲ್ಲಿ ಮಲಗಬಹುದಲ್ಲವೇ?

ಮಲಗಲು ಬಿಡದ ಅರ್ಜಿಯೊಂದನ್ನು ನೆನೆಯೋಣ. ಸರಕಾರ ಮತ್ತು ಹರಿಹರ ಪಾಲಿಫೈಬರ್ಸ್ ಸೇರಿ 1984ರಲ್ಲಿ ಕಟ್ಟಿದ ಕರ್ನಾಟಕ ಪಲ್ಪ್‌ವುಡ್ ಸಂಸ್ಥೆಗೆ ನೀಲಗಿರಿ ಬೆಳೆಯಲು ಸುಮಾರು 30,000 ಹೆಕ್ಟೇರ್ ಸಾಮೂಹಿಕ ಭೂಮಿಯನ್ನು ಕೊಡಹೊರಟಾಗ, ದೀರ್ಘಕಾಲ ನಮ್ಮ ಪುತ್ತೂರಿನಲ್ಲಿ ನೆಲೆಸಿದ್ದ ಶಿವರಾಮ ಕಾರಂತರು ಸಮಾಜ ಪರಿವರ್ತನ ಸಮುದಾಯದೊಡನೆ 1986ರಲ್ಲಿ ಸರ್ವೋಚ್ಚ ನ್ಯಾಯಾಲಯದ ಮೆಟ್ಟಿಲೇರಿದರು. 1987ರ ಮಾರ್ಚಿನಲ್ಲಿ ತಡೆಯಾಜ್ಞೆ ದೊರೆಯಿತು. ತಡೆಯಾಜ್ಞೆಯನ್ನು ಚೌಕಟ್ಟು ಹಾಕಿಸಿ ಗೋಡೆಗೆ ತೂಗಹಾಕಿ ಅವರು ಮನೆಗೆ ಹೋಗಲಿಲ್ಲ. ಅದೇ ವರ್ಷ ನವೆಂಬರ್ 14ರಂದು, ಇಂದಿನ ಹಾವೇರಿ ಜಿಲ್ಲೆಯ ಕುಸನೂರಿನಲ್ಲಿ ‘ಕಿತ್ತಿಕೋ-ಹಚ್ಚಿಕೋ’ ಸತ್ಯಾಗ್ರಹ ನಡೆಯಿತು. ನೀಲಗಿರಿ ಕಿತ್ತು, ಜನರಿಗೆ ಬೇಕಾದ ಸಸಿಗಳನ್ನು ನೆಟ್ಟರು. 1991ರಲ್ಲಿ ಸಂಸ್ಥೆ ಮುಚ್ಚಿತು.

ತಡೆಯಾಜ್ಞೆಗಳ ಕುರಿತು ಇನ್ನೊಂದು ಮಾತು. ಆರು ತಿಂಗಳಲ್ಲಿ ವಿಸ್ತರಿಸದಿದ್ದರೆ ಅವು ತಾವಾಗಿ ರದ್ದಾಗುತ್ತವೆಂದು 2018ರಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿತ್ತು. 2024ರ ಫೆಬ್ರವರಿ 29ರಂದು ಐವರು ನ್ಯಾಯಮೂರ್ತಿಗಳ ಪೀಠ ಅದನ್ನು ಬದಿಗಿರಿಸಿತು. ಹಳೆಯ ಸುದ್ದಿಯನ್ನೇ ನಂಬಿ ಯಾರಾದರೂ ನಿಮ್ಮನ್ನು ಹೆದರಿಸಿದರೆ ಈ ದಿನಾಂಕ ನೆನಪಿರಲಿ.

ಸಭೆ ಮುಗಿದ ಬಳಿಕ ವಿದ್ಯಾರ್ಥಿಗಳು ಜಗಲಿಯಲ್ಲಿ ಮೊಬೈಲು ಹಿಡಿದು ಕುಳಿತಿರುತ್ತಾರೆ. ಇ-ಕೋರ್ಟ್ಸ್ ಜಾಲತಾಣದಲ್ಲಿ ಸಿಎನ್‌ಆರ್ ಸಂಖ್ಯೆ ಕೊಟ್ಟರೆ ಮುಂದಿನ ವಾಯಿದೆ ತಿಳಿಯುತ್ತದೆ. ಸಂಖ್ಯೆ ಗೊತ್ತಿಲ್ಲದವರು ವಾದಿಯ ಹೆಸರು ಹೇಳಿ. ಆ ವಾದಿ ಈಗ ಬದುಕಿಲ್ಲವಾದರೆ ಅದನ್ನೇ ಮೊದಲು ಹೇಳಿ.