ಹೆಸರು ಸಿಗದ ಸಂಗೀತ
(ಕಾರ್ಮಿಕರ ಸಭೆಯೊಂದರಲ್ಲಿ ಮಾಡಿದ ಭಾಷಣ)

ಸಂಗಾತಿಗಳೇ,

ಸಿನಿಮಾ ನೋಡಿ ಹೊರಬರುವಾಗ ನಟನಟಿಯರ ಹೆಸರು ನಮ್ಮೆಲ್ಲರ ಬಾಯಲ್ಲಿರುತ್ತದೆ. ತೆರೆಯ ಹಿಂದೆ ಸದ್ದು ಕಟ್ಟಿದವರು ಯಾರೆಂದು ಕೇಳುವವರು ಕಡಿಮೆ. ಅಂಥ ಇಬ್ಬರು ದುಡಿಮೆಗಾರರ ವಿಷಯ ಇಂದು ಹೇಳುತ್ತೇನೆ. ಅವರು ಅಮೆರಿಕಾದ ಲೂಯಿ ಬ್ಯಾರನ್ ಮತ್ತು ಅವರ ಪತ್ನಿ ಬೀಬಿ ಬ್ಯಾರನ್.

1947ರಲ್ಲಿ ಮದುವೆಯಾದ ಈ ದಂಪತಿಗಳಿಗೆ ಉಡುಗೊರೆಯಾಗಿ ಬಂದದ್ದು ಒಂದು ಟೇಪ್ ರೆಕಾರ್ಡರು. ನ್ಯೂಯಾರ್ಕಿನಲ್ಲಿ ಬಿಡಾರ ಹೂಡಿ ಧ್ವನಿಮುದ್ರಣದ ಕೆಲಸ ಆರಂಭಿಸಿದರು. ಲೂಯಿ ವಾಲ್ವು, ತಂತಿಗಳನ್ನು ಬೆಸೆದು ವಿದ್ಯುನ್ಮಂಡಲ ಕಟ್ಟುವರು. ಮಿತಿಮೀರಿ ವಿದ್ಯುತ್ತು ಹರಿಸಿದರೆ ಅದು ಚೀರುವುದು, ನರಳುವುದು, ಕೊನೆಗೆ ಸುಟ್ಟುಹೋಗುವುದು. ಸುಟ್ಟದ್ದು ಮತ್ತೆ ಅದೇ ದನಿ ಕೊಡದು. ಆದ್ದರಿಂದ ಎಲ್ಲವನ್ನೂ ಟೇಪಿಗೆ ಇಳಿಸಿಕೊಳ್ಳುವರು. ಗಂಟೆಗಟ್ಟಲೆ ಕೇಳಿ, ಕಾಳುಜೊಳ್ಳು ಬೇರ್ಪಡಿಸಿ ಸಂಗೀತಕ್ಕೆ ಒದಗುವುದನ್ನು ಆರಿಸುವ ಕೆಲಸ ಹೆಚ್ಚಾಗಿ ಬೀಬಿಯವರದು. ಆಮೇಲೆ ಟೇಪನ್ನು ಕತ್ತರಿಸಿ ಅಂಟಿಸುವುದು. ಹರಿದ ಎಳೆ ಹುಡುಕಿ ಗಂಟುಹಾಕುವ ನೇಕಾರನ ತಾಳ್ಮೆಯೇ ಇದಕ್ಕೂ ಬೇಕು.

1956ರಲ್ಲಿ ಎಂ.ಜಿ.ಎಂ. ಕಂಪನಿಯ 'ಫರ್ಬಿಡನ್ ಪ್ಲಾನೆಟ್' ಚಿತ್ರ ಹೊರಬಂದಿತು. ಅನ್ಯಗ್ರಹದ ಕಥೆ. ಪಿಟೀಲಿಲ್ಲ, ತುತ್ತೂರಿಯಿಲ್ಲ, ಸಂಗೀತವೆಲ್ಲ ಬ್ಯಾರನ್ ದಂಪತಿಗಳ ವಿದ್ಯುನ್ಮಂಡಲಗಳದೇ. ಪೂರ್ತಿಯಾಗಿ ಎಲೆಕ್ಟ್ರಾನಿಕ್ ಸಂಗೀತವಿದ್ದ ಮೊದಲ ಕಥಾಚಿತ್ರ ಅದು. ಸಂಗೀತ ಎಲ್ಲಿ ಮುಗಿಯಿತು, ನೌಕೆಯ ಸದ್ದು ಎಲ್ಲಿ ಶುರುವಾಯಿತು ಎಂದು ಕೇಳುವವನಿಗೆ ತಿಳಿಯದು.

ಆದರೆ ತೆರೆಯ ಮೇಲೆ ಅವರ ಹೆಸರಿನೊಂದಿಗೆ 'ಸಂಗೀತ' ಎಂಬ ಮಾತು ಬರಲಿಲ್ಲ. 'ಎಲೆಕ್ಟ್ರಾನಿಕ್ ಟೋನಾಲಿಟೀಸ್', ಅಂದರೆ ವಿದ್ಯುತ್ ನಾದಗಳು ಎಂದು ಬರೆದರು. ಕಾರಣ, ಅವರು ವಾದ್ಯಗಾರರ ಸಂಘದ ಸದಸ್ಯರಲ್ಲ. ಸಂಘದ ತಕರಾರಿಗೆ ಕಂಪನಿ ಅಂಜಿತು. ಆಸ್ಕರ್ ಸಂಗೀತ ಪ್ರಶಸ್ತಿಯ ಪಟ್ಟಿಗೂ ಅವರು ಸೇರಲಿಲ್ಲ. ಹಾಲಿವುಡ್ಡಿನ ದೊಡ್ಡ ಚಿತ್ರ ಮತ್ತೊಂದು ಅವರ ಪಾಲಿಗೆ ಬರಲೇ ಇಲ್ಲ.

ಸಂಘದ ಭಯ ಸುಳ್ಳೆಂದು ನಾನು ಹೇಳಲಾರೆ. 1927ರ ನಂತರ ಮಾತಿನ ಚಿತ್ರಗಳು ಬಂದಾಗ, ಥಿಯೇಟರುಗಳಲ್ಲಿ ಮೂಕಿಚಿತ್ರಕ್ಕೆ ವಾದ್ಯ ನುಡಿಸುತ್ತಿದ್ದ ಸಾವಿರಾರು ಜನರ ಅನ್ನ ಹೋಯಿತು. ಯಂತ್ರ ಹೊಟ್ಟೆಗೆ ಹೊಡೆದದ್ದನ್ನು ಉಂಡು ಬಲ್ಲವರು ಅವರು. ಆದರೆ ಪರಿಹಾರವೇನು? ಹೊಸ ಯಂತ್ರದ ಮುಂದೆ ಕೂತ ದುಡಿಮೆಗಾರನ ಕೆಲಸವನ್ನು ಕೆಲಸವೇ ಅಲ್ಲವೆಂದರೆ ಯಂತ್ರ ನಿಲ್ಲುತ್ತದೆಯೇ? ನಿಲ್ಲಲಿಲ್ಲ. ಕಂಪನಿಗೆ ಚಿತ್ರ ದಕ್ಕಿತು; ಹೊರಗುಳಿದವರು ಇಬ್ಬರು ದುಡಿಮೆಗಾರರು. ಸಂಘಕ್ಕೇನು ಲಾಭವಾಯಿತು?

ಆ ಸಂಗೀತದ ಗ್ರಾಮಾಫೋನ್ ತಟ್ಟೆಯನ್ನು 1976ರಲ್ಲಿ ದಂಪತಿಗಳೇ ಹೊರತಂದರು. ಅಷ್ಟರಲ್ಲಿ ಅವರ ವಿಚ್ಛೇದನವಾಗಿತ್ತು. ಆದರೂ ಲೂಯಿ 1989ರಲ್ಲಿ ತೀರಿಕೊಳ್ಳುವವರೆಗೆ ಕೆಲಸ ಒಟ್ಟಿಗೇ ಸಾಗಿತು. ಬೀಬಿ 2000ದಲ್ಲಿ ಹೊಸ ಕೃತಿಯೊಂದನ್ನು ರಚಿಸಿ, 2008ರಲ್ಲಿ ನಿಧನರಾದರು.

ಸಂಗಾತಿಗಳೇ, ಗಿರಣಿಗಾಗಲಿ ಅಂಗಡಿಗಾಗಲಿ ನಾಳೆ ಹೊಸ ಯಂತ್ರ ಬರುತ್ತದೆ. ಹಳಬರ ಅನ್ನಕ್ಕಾಗಿ ಮಾಲೀಕರೊಡನೆ ಹೋರಾಡೋಣ. ಯಂತ್ರದ ಮುಂದೆ ಕೂತ ಹೊಸಬನನ್ನು ಮೊದಲ ದಿನವೇ ಸಂಘಕ್ಕೆ ಕರೆದು, ಅವನ ಹೆಸರನ್ನು ನಮ್ಮ ಪಟ್ಟಿಯಲ್ಲಿ ಬರೆದುಕೊಳ್ಳೋಣ.