ಸಮ್ಮೋಹನ ವಿದ್ಯೆಯ ಗುಣದೋಷಗಳು



ಸಮ್ಮೋಹನವೆಂದೊಡನೆ ಅನೇಕರು ಮಾಟ, ವಶೀಕರಣಗಳನ್ನು ನೆನೆಯುವರು. ಅದು ಯಥಾರ್ಥವಲ್ಲ. ಒಬ್ಬರ ಮಾತಿನಿಂದಾಗಲಿ ಸಂಜ್ಞೆಯಿಂದಾಗಲಿ ಮತ್ತೊಬ್ಬರ ಚಿತ್ತವು ಒಂದೆಡೆಯಲ್ಲಿ ನೆಲೆಗೊಂಡು, ಹೇಳಿದ ಸೂಚನೆಯನ್ನು ಸುಲಭವಾಗಿ ಒಪ್ಪಿಕೊಳ್ಳುವ ಅವಸ್ಥೆಯೇ ಸಮ್ಮೋಹನವು. ಅದು ನಿದ್ರೆಯೂ ಅಲ್ಲ, ಮೂರ್ಛೆಯೂ ಅಲ್ಲ.

ಮೆಸ್ಮರನೆಂಬ ವೈದ್ಯನು ದೇಹದಲ್ಲಿ ಅಯಸ್ಕಾಂತದಂತಹ ದ್ರವವೊಂದು ಸಂಚರಿಸುವುದೆಂದು ಸಾರಿ ಪ್ಯಾರಿಸಿನಲ್ಲಿ ಚಿಕಿತ್ಸೆ ನಡೆಸುತ್ತಿದ್ದನು. 1784ರಲ್ಲಿ ಫ್ರಾನ್ಸಿನ ಅರಸನು ನೇಮಿಸಿದ ಪಂಡಿತಮಂಡಲಿಯು ಇದನ್ನು ಪರೀಕ್ಷಿಸಿತು. ಬೆಂಜಮಿನ್ ಫ್ರಾಂಕ್ಲಿನರೂ ಅದರಲ್ಲಿದ್ದರು. ಅಂತಹ ದ್ರವವಿಲ್ಲ, ಕಾಣುವ ಫಲವು ಕಲ್ಪನೆಯದೆಂದು ಮಂಡಲಿಯು ನಿರ್ಣಯಿಸಿತು. ಅರಸನಿಗೆ ಗುಪ್ತವಾಗಿ ಸಲ್ಲಿಸಿದ ಬೇರೊಂದು ವರದಿಯಲ್ಲಿ, ಈ ಚಿಕಿತ್ಸೆಯಿಂದ ಸ್ತ್ರೀಯರ ಮಾನಕ್ಕೆ ಅಪಾಯವುಂಟೆಂದೂ ಎಚ್ಚರಿಸಿತು.

ನಮ್ಮ ದೇಶದಲ್ಲಿಯೂ ಇದರ ಚರಿತ್ರೆಯುಂಟು. 1845ರ ಏಪ್ರಿಲಿನಲ್ಲಿ ಬಂಗಾಳದ ಹೂಗ್ಲಿಯಲ್ಲಿ ಜೇಮ್ಸ್ ಎಸ್ಡೇಲ್ ಎಂಬ ಕಂಪನಿಯ ವೈದ್ಯನು ಒಬ್ಬ ಖೈದಿಗೆ ಹಸ್ತಸಂಚಾರದಿಂದ ಮೋಹನಿದ್ರೆಯನ್ನುಂಟುಮಾಡಿ ಶಸ್ತ್ರಕ್ರಿಯೆಯನ್ನು ನಡೆಸಿದನು. ಬಳಿಕ ನೂರಾರು ಜನರಿಗೆ ಹೀಗೆಯೇ ಮಾಡಿದನು. 1846ರಲ್ಲಿ ಸರಕಾರವು ಕಲ್ಕತ್ತೆಯಲ್ಲಿ ಇದಕ್ಕಾಗಿ ಒಂದು ಸಣ್ಣ ಆಸ್ಪತ್ರೆಯನ್ನು ಕೊಟ್ಟಿತು. 1847ರಲ್ಲಿ ಕ್ಲೋರೋಫಾರಂ ಬಳಕೆಗೆ ಬಂದ ಮೇಲೆ ಈ ಪದ್ಧತಿಯು ಹಿಂದೆ ಸರಿಯಿತು. ನೋವು ತಗ್ಗಿದುದು ಉಪಕಾರವೇ ಸರಿ. ಆದರೆ ಸೆರೆಯಲ್ಲಿರುವವನಿಗೆ ಒಲ್ಲೆನೆನ್ನುವ ಸ್ವಾತಂತ್ರ್ಯವು ಎಷ್ಟರಮಟ್ಟಿಗೆ ಇರಬಲ್ಲುದು? ವಿಚಾರಮಾಡತಕ್ಕದ್ದು ಇಲ್ಲಿಯೇ.

ಇಂದಿಗೂ ನೋವು, ಭಯ, ಕರುಳಿನ ಕೆಲವು ಬಾಧೆಗಳಲ್ಲಿ ನುರಿತ ವೈದ್ಯರು ಇದನ್ನು ಇತರ ಚಿಕಿತ್ಸೆಯೊಡನೆ ಬಳಸುವರು. ಬುದ್ಧಿವಿಕಲ್ಪವುಳ್ಳವರಿಗೆ ಇದು ಕೇಡನ್ನುಂಟುಮಾಡಬಹುದು. ಮರೆತುದನ್ನು ನೆನಪಿಗೆ ತರಿಸುವೆವೆಂಬ ಮಾತನ್ನಂತೂ ನಂಬಲಾಗದು. ಕೇಳುವವನ ಸೂಚನೆಯಿಂದ ನಡೆಯದ ಸಂಗತಿಯೂ ನಡೆದಂತೆ ಮನಸ್ಸಿನಲ್ಲಿ ನಿಲ್ಲುವುದು, ನಿರಪರಾಧಿಯ ಮೇಲೆ ಅಪವಾದ ಬರುವುದು. ಇದಕ್ಕೆ ಸಮೀಪವಾದ ಮಂಪರು ಪರೀಕ್ಷೆಯನ್ನು ಯಾರ ಮೇಲೆಯೂ ಬಲಾತ್ಕಾರದಿಂದ ನಡೆಸಕೂಡದೆಂದು ಸುಪ್ರೀಂ ಕೋರ್ಟು 2010ರಲ್ಲಿ ತೀರ್ಪಿತ್ತಿತು. ಆ ಮೊಕದ್ದಮೆಯಲ್ಲಿ ಕರ್ನಾಟಕ ರಾಜ್ಯವೇ ಒಂದು ಪಕ್ಷವಾಗಿದ್ದಿತು.

ಆದುದರಿಂದ ಮೂರು ಕಟ್ಟಳೆಗಳು ಅವಶ್ಯವು. ಮಾಡುವುದೇನೆಂದು ಮೊದಲೇ ತಿಳಿಸಬೇಕು, ಒಪ್ಪಿಗೆಯನ್ನು ಪಡೆಯಬೇಕು, ಬೇಡವೆಂದ ಕ್ಷಣದಲ್ಲಿ ನಿಲ್ಲಿಸಬೇಕು. ಸಭೆಯ ವಿನೋದಕ್ಕಾಗಿ ಒಬ್ಬನನ್ನು ನಗೆಗೀಡುಮಾಡುವುದು ಈ ಮೂರಕ್ಕೂ ವಿರುದ್ಧವು.

ವಿಶ್ವಾಸವಿಟ್ಟವನ ಮನಸ್ಸು ಬಾಗಿಲು ತೆರೆದ ಮನೆಯಂತೆ. ಮಠಕ್ಕೆ ಬರುವ ಭಕ್ತರ ಮನಸ್ಸೂ ಅಂತಹುದೇ. ಅವರ ಅರಿವನ್ನು ಬೆಳೆಯಿಸುವುದು ಉಪದೇಶವು. ಅರಿವನ್ನು ಮಲಗಿಸಿ ನಮ್ಮ ಇಚ್ಛೆಯನ್ನು ತುಂಬುವುದು ವಂಚನೆಯು. ಉಪದೇಶಮಾಡುವ ನಾವೂ ಮೇಲಿನ ಕಟ್ಟಳೆಗಳಿಗೆ ಹೊರತಲ್ಲವೆಂದು ವಿಜ್ಞಾಪಿಸಿ ವಿರಮಿಸುವೆನು.