ಗಿಡದ ಪರವಾಗಿ ಮಾತಾಡಿದ ಆಳು



ಲೂಕನ ಸುವಾರ್ತೆಯ 13ನೇ ಅಧ್ಯಾಯದಲ್ಲಿ ಯೇಸುಸ್ವಾಮಿಯು ಅಂಜೂರದ ಗಿಡದ ಕಥೆ ಹೇಳಿದ್ದಾನೆ. ಮೂರು ವರ್ಷ ಹಣ್ಣು ಕಾಣದ ಯಜಮಾನನು ಅದನ್ನು ಕಡಿಸಹೊರಟನು. ಬುಡ ಅಗೆದು ಗೊಬ್ಬರ ಹಾಕುವೆನೆಂದು ಒಂದು ವರ್ಷದ ಗಡುವು ಬೇಡಿದವನು ತೋಟದ ಆಳು. ಯಜಮಾನನ ಉತ್ತರ ಅಲ್ಲಿಲ್ಲ; ಆಳಿನ ಮಾತಿಗೇ ಕಥೆ ಮುಗಿಯುತ್ತದೆ.

ನಮ್ಮ ನಿಲಂಗಾ ಸೀಮೆಯಲ್ಲಿಯೂ ಬದುವಿನ ಬೇವು ಕಡಿಯುವ ಕೊಡಲಿ ನಮ್ಮ ಕೈಯಲ್ಲಿದೆ, ನೆಲ ನಮ್ಮದಲ್ಲ. ಶಿವರಾಮ ಕಾರಂತರ ‘ಚೋಮನ ದುಡಿ’ಯ (1933) ಚೋಮನಿಗೂ ಎತ್ತುಗಳಿದ್ದವು, ಉಳಲು ನೆಲ ಸಿಗಲಿಲ್ಲ. ಆದರೂ ನಾವು ಬುತ್ತಿ ಬಿಚ್ಚುವುದು ಆ ಬೇವಿನ ನೆರಳಲ್ಲೇ. ಕಡಿಯಬೇಡಿರೆಂದು ಒಬ್ಬನೇ ಹೇಳಿದರೆ ನಾಳಿನ ಕೂಲಿ ತಪ್ಪೀತು. ಆದ್ದರಿಂದ ಎಲ್ಲರೂ ಕೂಡಿ ಹೇಳೋಣ. ಹೇಳಿದ ಮೇಲೆ ಗೊಬ್ಬರದ ಬುಟ್ಟಿಯನ್ನೂ ನಾವೇ ಹೊರೋಣ.